ಭತ್ತದಿಂದ ಭತ್ಯೆಯವರೆಗೆ: ಸೈನಿಕನ ಸಂಬಳ ಮತ್ತು ಊರಲ್ಲಿ ಉಳಿದ ಮನೆ

ಸಂಬಳದ ಚೀಟಿ ಬಂದ ದಿನ ನಾವು ಮೊದಲು ನೋಡುವುದು ಅದರ ಕೊನೆಯ ಸಾಲನ್ನು. ಒಟ್ಟು ಎಷ್ಟು ಬಂತು, ಊರಿಗೆ ಎಷ್ಟು ಕಳಿಸಬಹುದು, ರೂಮಿನ ಬಾಡಿಗೆ ಮತ್ತು ಮೆಸ್ಸಿನ ಖರ್ಚು ಕಳೆದು ಕೈಯಲ್ಲಿ ಎಷ್ಟು ಉಳಿಯುತ್ತದೆ ಎಂಬಲ್ಲಿಗೆ ನಮ್ಮ ಲೆಕ್ಕ ಮುಗಿಯುತ್ತದೆ. ಮೇಲಿನ ಸಾಲುಗಳನ್ನು, ಅಂದರೆ ಮೂಲ ವೇತನ, ವಸತಿ ಭತ್ಯೆ, ಸಾರಿಗೆ ಭತ್ಯೆ, ಊಟದ ಭತ್ಯೆಗಳನ್ನು, ನಾವು ಅಷ್ಟಾಗಿ ಓದುವುದಿಲ್ಲ. ಕೆಲಸ ಬಿಟ್ಟು ಊರಿಗೆ ಹೊರಡುವಾಗ ಗ್ರಾಚ್ಯುಟಿ ಲೆಕ್ಕ ಮುಂದೆ ಬಂದಾಗಲೇ ಅವು ನೆನಪಾಗುವುದು.

ಸಂಬಳ ಬೇರೆ, ಭತ್ಯೆ ಬೇರೆ ಎಂಬ ಈ ಪದ್ಧತಿ ಹಳೆಯದು. ಮನೆಮಂದಿಯನ್ನು ಬಿಟ್ಟು ದೂರ ಹೋಗಿ ದುಡಿಯುವವರಲ್ಲಿ ಸೈನಿಕನೇ ಮೊದಲಿಗ. ಅವನ ಸಂಬಳದ ಇತಿಹಾಸ ಓದುತ್ತಾ ಹೋದರೆ ನಮ್ಮದೇ ಚೀಟಿಯನ್ನು ಓದಿದಂತೆ ಆಗುತ್ತದೆ. ಆ ಇತಿಹಾಸದ ಒಂದು ದೊಡ್ಡ ಅಧ್ಯಾಯ ನಡೆದದ್ದೂ ನಮ್ಮಿಂದ ದೂರದಲ್ಲಲ್ಲ, ಇದೇ ಕೊಲ್ಲಿಯ ತುದಿಯಲ್ಲಿರುವ ಬಸ್ರಾದಲ್ಲಿ.

ಪದದಲ್ಲೇ ಇರುವ ಅನ್ನ

ಈಸ್ಟ್ ಇಂಡಿಯಾ ಕಂಪನಿಯ ಸೇನೆಯಲ್ಲಿ ಸೈನಿಕನಿಗೆ ಸಂಬಳದ ಜೊತೆ 'ಬಟ್ಟಾ' ಎಂಬ ಹಣ ಸಿಗುತ್ತಿತ್ತು. ದಂಡು ನೆಲೆಯೂರು ಬಿಟ್ಟು ಹೊರಟಾಗ, ಪರದೇಶದಲ್ಲಿ ಬೀಡುಬಿಟ್ಟಾಗ ಆಗುವ ಹೆಚ್ಚಿನ ಖರ್ಚಿಗೆ ಕೊಡುತ್ತಿದ್ದ ಹಣ ಅದು. ಯೂಲ್ ಮತ್ತು ಬರ್ನೆಲ್ 1886ರಲ್ಲಿ ಪ್ರಕಟಿಸಿದ 'ಹಾಬ್ಸನ್-ಜಾಬ್ಸನ್' ನಿಘಂಟು ಈ ಪದದ ಬೇರನ್ನು ಹುಡುಕುತ್ತಾ ಕನ್ನಡದ 'ಭತ್ತ'ದ ಹತ್ತಿರ ಬಂದು ನಿಲ್ಲುತ್ತದೆ. ಪಶ್ಚಿಮ ಕರಾವಳಿಯಲ್ಲಿ ಪೋರ್ಚುಗೀಸರ ಬಾಯಿಗೆ ಬಿದ್ದ ಭತ್ತ, ಹೊಟ್ಟೆಪಾಡಿನ ಹಣ ಎಂಬ ಅರ್ಥ ಪಡೆದು ಇಂಗ್ಲಿಷರ ದಫ್ತರ ಸೇರಿತು ಎಂಬುದು ಅಲ್ಲಿನ ವಿವರಣೆ. ಸಂಸ್ಕೃತದ 'ಭಕ್ತ', ಅಂದರೆ ಅನ್ನ ಎಂಬ ಪದದ ನಂಟನ್ನು ಹೇಳುವವರೂ ಇದ್ದಾರೆ. ಯಾವ ದಾರಿ ಹಿಡಿದರೂ ತಲುಪುವುದು ಅನ್ನಕ್ಕೇ. ನಾವು ಇವತ್ತು 'ತುಟ್ಟಿಭತ್ಯೆ' ಎನ್ನುವಾಗಲೂ ಅದೇ ನೆನಪು ನಾಲಿಗೆಯ ಮೇಲಿದೆ.

ಸಂಬಳಕ್ಕೂ ಭತ್ಯೆಗೂ ಒಂದು ಮುಖ್ಯ ವ್ಯತ್ಯಾಸವಿತ್ತು. ಸಂಬಳವನ್ನು ಕಡಿಮೆ ಮಾಡುವುದು ಸರ್ಕಾರಕ್ಕೆ ಕಷ್ಟ. ಭತ್ಯೆಯನ್ನು ಒಂದು ಆದೇಶದಲ್ಲಿ ತೆಗೆದುಬಿಡಬಹುದು. ಪ್ಲಾಸಿ ಕದನದ ನಂತರ ಬಂಗಾಳದ ಬಿಳಿಯ ಅಧಿಕಾರಿಗಳಿಗೆ ಇಮ್ಮಡಿ ಬಟ್ಟಾ ಸಿಗುತ್ತಿತ್ತು. 1766ರಲ್ಲಿ ರಾಬರ್ಟ್ ಕ್ಲೈವ್ ಅದನ್ನು ನಿಲ್ಲಿಸಿದಾಗ ಅಧಿಕಾರಿಗಳು ಒಟ್ಟಾಗಿ ರಾಜೀನಾಮೆ ಕೊಟ್ಟು ದಂಗೆ ಎದ್ದರು. ಕೈತುಂಬ ಸಂಪಾದಿಸುತ್ತಿದ್ದವರೇ ಹಾಗೆ ಮಾಡಿದರೆ, ತಿಂಗಳಿಗೆ ಕೆಲವೇ ರೂಪಾಯಿ ಎಣಿಸುತ್ತಿದ್ದ ಸಿಪಾಯಿಯ ಪಾಡೇನು?

ಅದಕ್ಕೆ ಉತ್ತರ ಸಿಂಧ್‌ನಲ್ಲಿ ಸಿಕ್ಕಿತು. 1843ರಲ್ಲಿ ಕಂಪನಿ ಸಿಂಧ್ ಪ್ರಾಂತ್ಯವನ್ನು ಗೆದ್ದು ತನ್ನ ರಾಜ್ಯಕ್ಕೆ ಸೇರಿಸಿಕೊಂಡಿತು. ಮರುಗಳಿಗೆಯೇ ದಫ್ತರದ ತರ್ಕ ಬದಲಾಯಿತು: ಸಿಂಧ್ ಈಗ ಪರದೇಶವಲ್ಲ, ನಮ್ಮದೇ ನೆಲ, ಆದ್ದರಿಂದ ಪರದೇಶದ ಬಟ್ಟಾ ಇಲ್ಲ. ಸಿಪಾಯಿಗೆ ಮಾತ್ರ ಅದೇ ಮರಳು, ಅದೇ ಜ್ವರ, ಮನೆಯಿಂದ ಅದೇ ದೂರ. ಬಂಗಾಳ ಸೇನೆಯ ಕೆಲವು ದಳಗಳು ಮುಂದೆ ಹೋಗುವುದಿಲ್ಲ ಎಂದವು. 34ನೇ ದಳವನ್ನು 1844ರಲ್ಲಿ ವಿಸರ್ಜಿಸಲಾಯಿತು.

ಅದೇ ವರ್ಷ ಮದ್ರಾಸ್ ಸೇನೆಯ 47ನೇ ದಳಕ್ಕೂ ಸಿಂಧ್‌ಗೆ ಹೋಗುವ ಆದೇಶ ಬಂತು. ಮದ್ರಾಸ್ ಸಿಪಾಯಿಗಳ ರೀತಿಯೇ ಬೇರೆ. ಅವರು ಹೆಂಡತಿ ಮಕ್ಕಳನ್ನು, ಮುದಿ ತಂದೆತಾಯಿಯರನ್ನು ದಂಡಿನ ಜೊತೆಯಲ್ಲೇ ಇಟ್ಟುಕೊಂಡು ಬದುಕುತ್ತಿದ್ದವರು. ಕಡಲು ದಾಟುವಾಗ ಮನೆಯವರನ್ನು ಹಿಂದೆ ಬಿಡಬೇಕು, ಅಂದರೆ ಒಂದೇ ಸಂಬಳದಲ್ಲಿ ಎರಡು ಒಲೆ ಉರಿಯಬೇಕು. ಬರ್ಮಾದ ದರದಲ್ಲಿ ಭತ್ಯೆ ಸಿಗುತ್ತದೆ ಎಂಬ ಮದ್ರಾಸ್ ಸರ್ಕಾರದ ಮಾತನ್ನು ನಂಬಿ ಅವರು ಹೊರಟರು. ಬೊಂಬಾಯಿಗೆ ಬಂದಮೇಲೆ ಆ ಮಾತು ನಡೆಯುವುದಿಲ್ಲ ಎಂದು ತಿಳಿಯಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಅಲ್ಲಿಯೂ ಗಲಭೆಯಾಯಿತು. ಊರಲ್ಲಿ ಒಂದು ಸಂಬಳ ಹೇಳಿ, ಇಲ್ಲಿ ಇಳಿದಮೇಲೆ ಇನ್ನೊಂದು ಕಾಗದಕ್ಕೆ ಸಹಿ ಹಾಕಿಸಿಕೊಂಡ ಕಥೆಗಳನ್ನು ಕೇಳಿರುವ ನಮಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಾಗಿಲ್ಲ.

ಬಸ್ರಾದಲ್ಲಿ 11 ರೂಪಾಯಿ

1914ರ ನವೆಂಬರ್ 6ರಂದು ಭಾರತದಿಂದ ಬಂದ ದಂಡು ಕೊಲ್ಲಿಯ ತುದಿಯ ಫಾವ್‌ನಲ್ಲಿ ಇಳಿಯಿತು. ಅದೇ ತಿಂಗಳು ಬಸ್ರಾ ಕೈವಶವಾಯಿತು. ಮುಂದಿನ ನಾಲ್ಕು ವರ್ಷಗಳಲ್ಲಿ ಮೆಸೊಪೊಟೇಮಿಯಾಕ್ಕೆ, ಅಂದರೆ ಇಂದಿನ ಇರಾಕಿಗೆ, ಬಂದ ಭಾರತೀಯರು ಸುಮಾರು 5 ಲಕ್ಷ 88 ಸಾವಿರ. ಅವರಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಜನ ಬಂದೂಕು ಹಿಡಿದವರಲ್ಲ. ಹೇಸರಗತ್ತೆ ಹೊಡೆಯುವವರು, ನೀರು ಹೊರುವವರು, ಗಾಯಾಳುಗಳನ್ನು ಎತ್ತುವವರು, ಅಡುಗೆಯವರು, ರಸ್ತೆ, ರೈಲು, ಬಂದರು ಕಟ್ಟಿದ ಕೂಲಿಗಳು. ಕೊಲ್ಲಿಯಲ್ಲಿ ದುಡಿದ ಭಾರತೀಯ ಕಾರ್ಮಿಕರ ಪಟ್ಟಿ ಬರೆಯುವುದಾದರೆ ನಮ್ಮ ಹೆಸರುಗಳಿಗಿಂತ ಬಹಳ ಮೇಲೆ ಇವರ ಹೆಸರುಗಳು ಬರಬೇಕು.

ಬೆಂಗಳೂರನ್ನು ಕೇಂದ್ರ ಮಾಡಿಕೊಂಡಿದ್ದ ಮದ್ರಾಸ್ ಸ್ಯಾಪರ್ಸ್ ಪಡೆಯ ತುಕಡಿಗಳೂ ಇಲ್ಲಿ ಕೆಲಸ ಮಾಡಿದವು. ಬ್ರಿಗೇಡ್ ರಸ್ತೆಯ ತುದಿಯಲ್ಲಿ, ರೆಸಿಡೆನ್ಸಿ ರಸ್ತೆ ಸೇರುವಲ್ಲಿ ಒಂದು ಕಲ್ಲಿನ ಸ್ಮಾರಕವಿದೆ. ನಾವು ಎಷ್ಟೋ ಸಲ ಅದರ ಪಕ್ಕದಲ್ಲಿ ಬಸ್ಸಿಗೆ ಕಾದಿದ್ದೇವೆ. ಅದು ಮೊದಲ ಮಹಾಯುದ್ಧದಲ್ಲಿ ಮಡಿದ ಮದ್ರಾಸ್ ಪಯೋನಿಯರ್ ದಳಗಳವರ ನೆನಪಿಗೆ ನಿಲ್ಲಿಸಿದ್ದು.

ಯುದ್ಧ ಶುರುವಾದಾಗ ಕಾಲಾಳು ಸಿಪಾಯಿಯ ಸಂಬಳ ತಿಂಗಳಿಗೆ 11 ರೂಪಾಯಿ. ಯುದ್ಧಭೂಮಿಯಲ್ಲಿ ಅದರ ಮೇಲೆ ಬಟ್ಟಾ ಸೇರುತ್ತಿತ್ತು. ದಂಡಿನ ಜೊತೆಗಿದ್ದ ಕೂಲಿಗಳಿಗೆ, ಪರಿಚಾರಕರಿಗೆ ಸಂಬಳವೂ ಪಿಂಚಣಿಯೂ ಸಿಪಾಯಿಗಿಂತ ಕೆಳಗಿನ ದರ್ಜೆಯದು. ಭಾರತದಲ್ಲಿದ್ದಾಗ ಸಿಪಾಯಿ ತನ್ನ ಊಟದ ಖರ್ಚನ್ನು ಸಂಬಳದಲ್ಲೇ ನೋಡಿಕೊಳ್ಳಬೇಕಿತ್ತು. ಸಿಪಾಯಿಗಳಿಗೆ ಉಚಿತ ಪಡಿತರ ಸಾಮಾನ್ಯ ನಿಯಮವಾದದ್ದು 1917ರಲ್ಲಿ, ದಂಡಿಗೆ ಸೇರುವವರ ಕೊರತೆ ಕಾಡತೊಡಗಿದಮೇಲೆ. ಸೇರಿದವನಿಗೆ 50 ರೂಪಾಯಿ ಬೋನಸ್ ಬಂದದ್ದೂ ಅದೇ ವರ್ಷ.

ಊರಿನ ಮನೆಗೆ ಏನು ಹೋಗುತ್ತಿತ್ತು? ಸಿಪಾಯಿ ತನ್ನ ಸಂಬಳದ ಒಂದು ಭಾಗವನ್ನು ಮನೆಯವರ ಹೆಸರಿಗೆ ಬರೆದುಕೊಡಬಹುದಿತ್ತು. ಭಾರತದ ಅಂಚೆ ಇಲಾಖೆ ಮನಿ ಆರ್ಡರ್ ಆರಂಭಿಸಿದ್ದು 1880ರಲ್ಲಿ. ಯುದ್ಧಕಾಲದಲ್ಲಿ ಹಳ್ಳಿಯ ಮನೆಗಳಿಗೆ ಅಂಚೆಯವನ ಬರವೇ ದೊಡ್ಡ ಸುದ್ದಿ. ಹಣ ಬಂದರೆ ಮಗ ಬದುಕಿದ್ದಾನೆ ಎಂದರ್ಥ. ಸೆನ್ಸಾರ್ ಕಚೇರಿಯವರು ತೆರೆದು ಓದಿದ ಸಿಪಾಯಿಗಳ ಪತ್ರಗಳಲ್ಲಿ ಯುದ್ಧದ ಜೊತೆಗೆ ಹಣ ತಲುಪಿತೇ, ಸಾಲ ತೀರಿತೇ, ಹೊಲದ ಗತಿ ಏನು ಎಂಬ ವಿಚಾರಣೆಯೂ ತುಂಬಿದೆ. ಸೈನಿಕರ ಸಂಬಳ ರೂಪಾಯಿಯಲ್ಲಿತ್ತು, ಬಸ್ರಾದ ಪೇಟೆಯಲ್ಲೂ ರೂಪಾಯಿ ಓಡತೊಡಗಿತು. ಇರಾಕಿನಲ್ಲಿ 1932ರಲ್ಲಿ ದಿನಾರ್ ಬರುವವರೆಗೂ, ಕೊಲ್ಲಿಯ ಹಲವು ನಾಡುಗಳಲ್ಲಿ 1960ರ ದಶಕದವರೆಗೂ ರೂಪಾಯಿಯೇ ಚಲಾವಣೆಯಲ್ಲಿತ್ತು.

ಯಾರ ಹೆಂಡತಿ ಲೆಕ್ಕಕ್ಕೆ ಬಂದಳು?

ಅದೇ ಯುದ್ಧದಲ್ಲಿದ್ದ ಬ್ರಿಟಿಷ್ ಸೈನಿಕನ ಮನೆಯ ಲೆಕ್ಕವನ್ನು ಪಕ್ಕದಲ್ಲಿಟ್ಟು ನೋಡೋಣ. ಬ್ರಿಟನ್ನಿನಲ್ಲೂ ಮೊದಲು ಎಲ್ಲ ಸೈನಿಕರ ಹೆಂಡತಿಯರು ಲೆಕ್ಕಕ್ಕೆ ಇರಲಿಲ್ಲ. ಮೇಲಧಿಕಾರಿಯ ಅನುಮತಿ ಪಡೆದು ಮದುವೆಯಾದ ಕೆಲವರ ಹೆಂಡತಿಯರಷ್ಟೇ ದಂಡಿನ ಪಟ್ಟಿಯಲ್ಲಿರುತ್ತಿದ್ದರು. ಉಳಿದವರು ಇದ್ದೂ ಇಲ್ಲದವರು. 1914ರಲ್ಲಿ ಲಕ್ಷಾಂತರ ಜನ ದಂಡಿಗೆ ಬೇಕಾದಾಗ ಸರ್ಕಾರ ಎಲ್ಲ ಹೆಂಡತಿಯರಿಗೂ 'ಅಗಲಿಕೆಯ ಭತ್ಯೆ' ಕೊಡಲು ಒಪ್ಪಿತು. ಆ ವರ್ಷದ ಅಕ್ಟೋಬರ್‌ನಿಂದ ಮಕ್ಕಳಿಲ್ಲದ ಸಾಮಾನ್ಯ ಸೈನಿಕನ ಹೆಂಡತಿಗೆ ವಾರಕ್ಕೆ 12 ಷಿಲಿಂಗ್ 6 ಪೆನ್ಸ್. ಮಕ್ಕಳಿದ್ದರೆ ಇನ್ನೂ ಹೆಚ್ಚು. ಅದರಲ್ಲಿ 3 ಷಿಲಿಂಗ್ 6 ಪೆನ್ಸ್ ಗಂಡನ ಸಂಬಳದಿಂದ ಬಂದದ್ದು, ಉಳಿದ 9 ಷಿಲಿಂಗ್ ಸರ್ಕಾರದ್ದು.

ಆಗ ಒಂದು ರೂಪಾಯಿಗೆ 16 ಪೆನ್ಸ್. ಆ ದರದಲ್ಲಿ 12 ಷಿಲಿಂಗ್ 6 ಪೆನ್ಸ್ ಎಂದರೆ 9 ರೂಪಾಯಿ 6 ಆಣೆ, ಅದೂ ವಾರಕ್ಕೆ. ನಮ್ಮ ಸಿಪಾಯಿಯ ಇಡೀ ತಿಂಗಳ ಸಂಬಳ 11 ರೂಪಾಯಿ. ಲಂಡನ್ನಿನ ಬೆಲೆಗಳು ಬೇರೆ, ನಮ್ಮ ಹಳ್ಳಿಯ ಬೆಲೆಗಳು ಬೇರೆ, ನಿಜ. ಆದರೆ ವ್ಯತ್ಯಾಸ ಬರೀ ಮೊತ್ತದಲ್ಲಿರಲಿಲ್ಲ. ಬ್ರಿಟಿಷ್ ಹೆಂಡತಿಗೆ ಸಿಗುತ್ತಿದ್ದ ಹಣದ ಹೆಚ್ಚಿನ ಪಾಲು ಗಂಡನ ಸಂಬಳದ ಮೇಲೆ ಸರ್ಕಾರ ಸೇರಿಸಿದ್ದು, ಮತ್ತು ಅದು ಮಕ್ಕಳ ತಲೆ ಎಣಿಸಿ ಏರುತ್ತಿತ್ತು. ಸಿಪಾಯಿಯ ಮನೆಗೆ ಹೋಗುತ್ತಿದ್ದದ್ದು ಅವನ ಸಂಬಳದಿಂದಲೇ ಕತ್ತರಿಸಿದ್ದು. ಮನೆಯಲ್ಲಿ ಇಬ್ಬರಿದ್ದರೂ ಅದೇ 11, ಎಂಟು ಜನರಿದ್ದರೂ ಅದೇ 11. ಬ್ರಿಟಿಷ್ ಹೆಂಡತಿಯರ ಭತ್ಯೆಯೂ ನಿಶ್ಚಿಂತೆಯದಾಗಿರಲಿಲ್ಲ. ನಡತೆ ಸರಿಯಿಲ್ಲ ಎಂಬ ದೂರಿನ ಮೇಲೆ ಅದನ್ನು ನಿಲ್ಲಿಸಬಹುದಿತ್ತು.

ಅಮೆರಿಕ 1917ರ ಅಕ್ಟೋಬರ್‌ನಲ್ಲಿ ಕಾನೂನನ್ನೇ ಮಾಡಿತು. ಮದುವೆಯಾದ ಸೈನಿಕ ತನ್ನ ಸಂಬಳದಿಂದ ತಿಂಗಳಿಗೆ 15 ಡಾಲರ್ ಮನೆಗೆ ಕಡ್ಡಾಯವಾಗಿ ಕೊಡಬೇಕು. ಅದರ ಮೇಲೆ ಹೆಂಡತಿಗೆ ಸರ್ಕಾರದಿಂದ 15, ಒಂದು ಮಗುವಿದ್ದರೆ 25 ಡಾಲರ್. 1942ರ ಕಾನೂನಿನಲ್ಲಿ ಹೆಂಡತಿಗೆ ತಿಂಗಳಿಗೆ 50 ಡಾಲರ್, ಅದರಲ್ಲಿ 22 ಸೈನಿಕನದು, 28 ಸರ್ಕಾರದ್ದು. ದೂರದಲ್ಲಿ ದುಡಿಯುವವನ ಮನೆಯನ್ನು ಸಾಕುವುದು ಅವನೊಬ್ಬನ ಹೊಣೆಯಲ್ಲ, ಅವನನ್ನು ದೂರಕ್ಕೆ ಕಳಿಸಿದವರ ಹೊಣೆಯೂ ಹೌದು ಎಂಬ ಮಾತು ಹೀಗೆ ನಿಧಾನವಾಗಿ ಕಾನೂನಿನ ಪುಸ್ತಕ ಸೇರಿತು.

ಇಂದಿನ ಜವಾನನ ಚೀಟಿ

ಸ್ವತಂತ್ರ ಭಾರತದ ಜವಾನನ ಸಂಬಳದ ಚೀಟಿಯಲ್ಲಿ ಈಗ ಮೂಲ ವೇತನ, ತುಟ್ಟಿಭತ್ಯೆ, ಮಕ್ಕಳ ಶಿಕ್ಷಣ ಭತ್ಯೆ, ಕಷ್ಟದ ಜಾಗದ ಭತ್ಯೆ ಎಲ್ಲಕ್ಕೂ ಬೇರೆ ಬೇರೆ ಸಾಲುಗಳಿವೆ. 6ನೇ ವೇತನ ಆಯೋಗದ ಕಾಲದಲ್ಲಿ 'ಸೇನಾ ಸೇವಾ ವೇತನ' ಎಂಬ ಹೊಸ ಸಾಲು ಬಂತು. ಜವಾನರಿಗೆ ಆಗ 2,000 ರೂಪಾಯಿ ಇದ್ದದ್ದು 7ನೇ ಆಯೋಗದಲ್ಲಿ 5,200 ಆಯಿತು. ಇದರ ಹೆಸರನ್ನು ಗಮನಿಸಬೇಕು. ಇದು ಭತ್ಯೆಯಲ್ಲ, ವೇತನ. ಹಾಗಾಗಿ ಇದರ ಮೇಲೆ ತುಟ್ಟಿಭತ್ಯೆ ಲೆಕ್ಕವಾಗುತ್ತದೆ, ಪಿಂಚಣಿಗೂ ಸೇರುತ್ತದೆ. ಭತ್ಯೆ ದುಡಿಯುವ ದಿನಗಳಿಗಷ್ಟೇ. ವೇತನ ಮುಪ್ಪಿನವರೆಗೂ, ಮುಂದೆ ಹೆಂಡತಿಯ ಕುಟುಂಬ ಪಿಂಚಣಿಯವರೆಗೂ ಬರುತ್ತದೆ.

2017ರಲ್ಲಿ ಸಿಯಾಚಿನ್ ಭತ್ಯೆಯನ್ನು ಜವಾನರಿಗೆ ತಿಂಗಳಿಗೆ 14,000ದಿಂದ 30,000 ರೂಪಾಯಿಗೆ ಏರಿಸಿದರು. ಅದರ ಹಿಂದಿನ ವರ್ಷ, 2016ರ ಫೆಬ್ರವರಿಯಲ್ಲಿ, ಧಾರವಾಡ ಜಿಲ್ಲೆಯ ಬೆಟದೂರಿನ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಅದೇ ಸಿಯಾಚಿನ್‌ನ ಹಿಮದಡಿ ಸಿಕ್ಕಿ, ದಿನಗಳ ನಂತರ ಜೀವಂತ ಹೊರಬಂದು, 11ರಂದು ದಿಲ್ಲಿಯಲ್ಲಿ ತೀರಿಕೊಂಡರು. ಆ ದಿನಗಳಲ್ಲಿ ಇಲ್ಲಿನ ನಮ್ಮ ರೂಮುಗಳಲ್ಲೂ ಮೊಬೈಲಿನಲ್ಲಿ ಅದೇ ಸುದ್ದಿ, ಎಲ್ಲರದೂ ಒಂದೇ ಪ್ರಾರ್ಥನೆ. ಊರಲ್ಲಿ ಅವರ ಹೆಂಡತಿ ಮತ್ತು ಪುಟ್ಟ ಮಗಳಿದ್ದರು. ಯಾವ ಭತ್ಯೆಯೂ ಅಂಥ ನಷ್ಟಕ್ಕೆ ಬೆಲೆಯಲ್ಲ. ಆದರೆ ಉಳಿದವರ ನಾಳೆಯ ಒಲೆ ಉರಿಯುವುದು ಆ ಚೀಟಿಯ ಸಾಲುಗಳಿಂದಲೇ.

ನಮ್ಮ ಚೀಟಿಗೆ ಮರಳಿದರೆ

ನಾವು ಸೈನಿಕರಲ್ಲ, ಅವರ ಅಪಾಯ ನಮ್ಮದಲ್ಲ. ಆದರೂ ಅವರ ಚರಿತ್ರೆ ಕಲಿಸುವ ಎರಡು ಪ್ರಶ್ನೆಗಳು ನಮ್ಮವೂ ಹೌದು. ಮೊದಲನೆಯದು, ನನ್ನ ದುಡಿಮೆಯಲ್ಲಿ ವೇತನ ಎಷ್ಟು, ಭತ್ಯೆ ಎಷ್ಟು? ಯುಎಇಯ ಖಾಸಗಿ ಕಂಪನಿಗಳ ಉದಾಹರಣೆ ತೆಗೆದುಕೊಳ್ಳೋಣ. ಮೊದಲ ಐದು ವರ್ಷ, ವರ್ಷಕ್ಕೆ 21 ದಿನಗಳ ಮೂಲ ವೇತನದಂತೆ ಗ್ರಾಚ್ಯುಟಿ. ಇಬ್ಬರಿಗೂ ತಿಂಗಳಿಗೆ ಒಟ್ಟು 4,000 ದಿರ್ಹಂ ಬರುತ್ತಿದೆ ಎನ್ನಿ. ಒಬ್ಬನ ಮೂಲ ವೇತನ 3,000, ಇನ್ನೊಬ್ಬನದು 1,600. ಐದು ವರ್ಷ ಮುಗಿಸಿ ಹೊರಡುವಾಗ ಮೊದಲನೆಯವನಿಗೆ 10,500, ಎರಡನೆಯವನಿಗೆ 5,600. ಬೇರೆ ದೇಶಗಳ ಕಾನೂನು ಬೇರೆ ಇರುತ್ತದೆ, ಅವರವರು ವಿಚಾರಿಸಿಕೊಳ್ಳಬೇಕು.

ಎರಡನೆಯದು, ನನ್ನ ಮನೆ ಯಾರ ಲೆಕ್ಕದಲ್ಲಿದೆ? ಯುಎಇಯಲ್ಲಿ ಹೆಂಡತಿ ಮಕ್ಕಳನ್ನು ಕರೆತರಲು 4,000 ದಿರ್ಹಂ ಸಂಬಳ, ಇಲ್ಲವೇ 3,000 ಮತ್ತು ವಸತಿ ಇರಬೇಕು. ಅದಕ್ಕಿಂತ ಕಡಿಮೆ ಇರುವವರ ಹೆಂಡತಿಯರು ಆ ಹಳೆಯ ಬ್ರಿಟಿಷ್ ಪಟ್ಟಿಯ ಹೊರಗಿದ್ದವರಂತೆ, ಊರಲ್ಲೇ ಉಳಿಯುತ್ತಾರೆ. ನಮ್ಮಲ್ಲಿ ಹೆಚ್ಚಿನವರ ಮನೆಗಳು ಹಾಗೆಯೇ ಇವೆ.

ಬಸ್ರಾದ ಯುದ್ಧ ಸ್ಮಾರಕದಲ್ಲಿ 40 ಸಾವಿರಕ್ಕೂ ಹೆಚ್ಚು ಮಡಿದವರನ್ನು ನೆನೆಯಲಾಗಿದೆ. ಬ್ರಿಟಿಷ್ ಸೈನಿಕರ ಹೆಸರುಗಳನ್ನು ಕೆತ್ತಿದ್ದಾರೆ. ಸಾಮಾನ್ಯ ಭಾರತೀಯ ಸಿಪಾಯಿಗಳಿಗೆ ದಳವಾರು ಸಂಖ್ಯೆ ಮಾತ್ರ. ಅವರ ಹೆಸರು ಗೊತ್ತಿದ್ದದ್ದು ಅವರ ಮನೆಯವರಿಗೆ, ಮನಿ ಆರ್ಡರ್ ತರುತ್ತಿದ್ದ ಅಂಚೆಯವನಿಗೆ.

ಈ ತಿಂಗಳ ಚೀಟಿ ಬಂದಾಗ ಕೊನೆಯ ಸಾಲಿನ ಜೊತೆ ಮೇಲಿನ ಸಾಲುಗಳನ್ನೂ ಓದೋಣ. ಅರ್ಥವಾಗದಿದ್ದರೆ ತಿಳಿದವರನ್ನು ಕೇಳೋಣ, ಇದರಲ್ಲಿ ನಾಚಿಕೆಯೇನಿಲ್ಲ. ಕರಾರು ಪತ್ರದ ಒಂದು ಪ್ರತಿ ಊರಿನ ಮನೆಯಲ್ಲೂ ಇರಲಿ. ವಾರದ ಫೋನಿನಲ್ಲಿ ಒಮ್ಮೆ ಆ ಸಾಲುಗಳನ್ನು ಹೆಂಡತಿಗೆ, ಇಲ್ಲವೇ ಅಪ್ಪ ಅಮ್ಮನಿಗೆ ಓದಿ ಹೇಳೋಣ. ಆ ಲೆಕ್ಕ ಅವರದ್ದೂ ಹೌದು.