ಹದಿನಾಲ್ಕು ವರ್ಷ ಜೊತೆಗಿದ್ದ ಕ್ಯಾಮೆರಾ



ನಾನು ಆಫೀಸಿನಲ್ಲಿ ಗುಮಾಸ್ತ. ಫೈಲು ಹೇಗೆ ಮುಚ್ಚುತ್ತೆ ಅಂತ ಚೆನ್ನಾಗಿ ಗೊತ್ತು. ಕೊನೇ ಹಾಳೆಗೊಂದು ಸಹಿ, ಮೇಲೊಂದು ದಾರ, ಆಮೇಲೆ ರೆಕಾರ್ಡ್ ರೂಮು. ಇವತ್ತು ಹಾಗೆ ಮುಚ್ಚೋಕೆ ಒಪ್ಪದ ಒಂದು ಸಿನಿಮಾ ಬಗ್ಗೆ ಬರೀತಿದೀನಿ.

1997ರ ಜುಲೈ 11. ಮುಂಬೈನ ಘಾಟ್‌ಕೋಪರ್, ರಮಾಬಾಯಿ ನಗರ. ಬೆಳಗ್ಗೆ ಎದ್ದವರಿಗೆ ಕಂಡಿದ್ದು ಬಾಬಾಸಾಹೇಬರ ಪ್ರತಿಮೆಯ ಕೊರಳಲ್ಲಿ ಚಪ್ಪಲಿ ಹಾರ. ಜನ ರಸ್ತೆಗಿಳಿದರು. ಮೀಸಲು ಪೊಲೀಸರು ಗುಂಡು ಹಾರಿಸಿದರು. 10 ಜನ ಸತ್ತರು. ಗ್ಯಾಸ್ ಟ್ಯಾಂಕರಿಗೆ ಬೆಂಕಿ ಹಚ್ಚೋಕೆ ಬಂದಿದ್ರು ಅಂತ ಪೊಲೀಸರ ಸಮಜಾಯಿಷಿ.

ಕೆಲವೇ ದಿನಕ್ಕೆ ವಿಲಾಸ್ ಘೋಗ್ರೆ ನೇಣು ಹಾಕಿಕೊಂಡರು. ಎಡಪಂಥೀಯ ದಲಿತ ಹಾಡುಗಾರ. ಸಾಯುವಾಗ ತಲೆಗೆ ನೀಲಿ ಬಟ್ಟೆ ಕಟ್ಟಿದ್ದರು. ಮುಂಬೈ ಕೊಳೆಗೇರಿಗಳ ಬಗ್ಗೆ ಆನಂದ್ ಪಟವರ್ಧನ್ 1985ರಲ್ಲಿ ಮಾಡಿದ ‘ಹಮಾರಾ ಶಹರ್’ ಚಿತ್ರದಲ್ಲಿ ಹಾಡಿದ್ದವರು ಇವರೇ. ಆ ಸಾವಿನ ಬೆನ್ನು ಹತ್ತಿದ ಪಟವರ್ಧನ್ ಸಿನಿಮಾ ಮುಗಿಸಿದ್ದು 2011ರಲ್ಲಿ. ಹೆಸರು ‘ಜೈ ಭೀಮ್ ಕಾಮ್ರೇಡ್’.

ಹದಿನಾಲ್ಕು ವರ್ಷ ಯಾಕೆ ಬೇಕಾಯ್ತು? ಗುಂಡು ಹೊಡೆದ ದಿನ ಟಿವಿಯವರೂ ಬರ್ತಾರೆ. ಆಮೇಲಿನದು ಯಾರಿಗೆ ಬೇಕು? ಗೋಲಿಬಾರಿಗೆ ಆದೇಶ ಕೊಟ್ಟ ಸಬ್ ಇನ್‌ಸ್ಪೆಕ್ಟರಿಗೆ ಜೀವಾವಧಿ ಶಿಕ್ಷೆ ಆಗಿದ್ದೇ 2009ರಲ್ಲಿ. ಆಮೇಲೆ ಜಾಮೀನೂ ಸಿಕ್ಕಿತು. ಸತ್ತವರ ಮನೆಯವರು, ಶಾಹಿರರ ಹಾಡು, ಪುಣೆಯ ಕಬೀರ್ ಕಲಾ ಮಂಚ್ ಹುಡುಗರು, ಶೀತಲ್ ಸಾಠೆಯ ದನಿ, ಪಕ್ಷ ಬದಲಿಸುವ ನಾಯಕರು, ಎಲ್ಲ ಈ ಚಿತ್ರಕ್ಕೆ ದಕ್ಕಿದ್ದು ಕಾದಿದ್ದರಿಂದಲೇ.

ಪಟವರ್ಧನ್ ದಲಿತರಲ್ಲ. ನಮ್ಮ ಕತೆ ಅವರು ಯಾಕೆ ಹೇಳಬೇಕು ಅನ್ನೋ ಪ್ರಶ್ನೆ ನನ್ನಲ್ಲೂ ಇದೆ, ಇರಲೇಬೇಕು. ಆದರೆ ಆ ಪ್ರಶ್ನೆ ತಿರುಗಿ ನನ್ನನ್ನೇ ಕುಟುಕುತ್ತೆ.

2000ದ ಮಾರ್ಚ್ 11, ನಮ್ಮ ಕಂಬಾಲಪಲ್ಲಿ. ಏಳು ಮಂದಿ ದಲಿತರನ್ನು ಮನೆಯೊಳಗೆ ಕೂಡಿಹಾಕಿ ಸುಟ್ಟರು. ಸಾಕ್ಷಿಗಳು ತಿರುಗಿಬಿದ್ದರು. 2006ರಲ್ಲಿ ಆರೋಪಿಗಳು ಖುಲಾಸೆ. 2014ರಲ್ಲಿ ಹೈಕೋರ್ಟೂ ಅದನ್ನೇ ಎತ್ತಿಹಿಡಿಯಿತು. ಅಲ್ಲೂ ಹದಿನಾಲ್ಕೇ ವರ್ಷ! ಅಷ್ಟರಲ್ಲಿ ನಾನು ಆ ಊರಿಗೆ ಹೋಗಿದ್ದು ಒಂದೇ ಸಲ. ಲಾರಿಯಲ್ಲಿ, ಘೋಷಣೆ ಕೂಗೋಕೆ. ಸಾಕ್ಷಿ ಹೇಳಬೇಕಾದವರು ಯಾರ ಹೊಲದಲ್ಲಿ ಕೂಲಿ ಮಾಡ್ತಿದ್ರು, ರಾತ್ರಿ ಯಾರು ಬಂದು ಬಾಗಿಲು ಬಡಿದರು ಅಂತ ಒಂದು ದಿನ ಕೂತು ಕೇಳಲಿಲ್ಲ. ತೀರ್ಪು ಬಂದಾಗ ಮಾತ್ರ ಪೋಸ್ಟ್ ಹಾಕಿದೆ.

ಈಗ ಎಲ್ಲರ ಜೇಬಲ್ಲೂ ಕ್ಯಾಮೆರಾ ಇದೆ. ಇಲ್ಲದಿರೋದು ಕೂತು ಕೇಳೋ ವ್ಯವಧಾನ.

ಮುಂದಿನ ಭಾನುವಾರ ಕಂಬಾಲಪಲ್ಲಿಗೆ ಹೊರಟಿದೀನಿ. ಮಾತಾಡ್ತೀವಿ ಅಂದವರ ಮಾತು ಕೇಳ್ತೀನಿ. ಬೇಡ ಅಂದರೆ ಫೋನು ಜೇಬಲ್ಲೇ ಇರುತ್ತೆ, ಮುಂದಿನ ತಿಂಗಳು ಮತ್ತೆ ಹೋಗ್ತೀನಿ. ಜೊತೆಗೆ ಬರೋರು ತಿಳಿಸಿ.

ಜೈಭೀಮ್.