ಕಪಾಟಿನ ಮೂರು ಪುಸ್ತಕಗಳು

ವಿಲೆ ಪಾರ್ಲೆಯಲ್ಲಿ ನಾವು ವಾಸವಾಗಿದ್ದ ಹಳೆಯ ಕಟ್ಟಡವನ್ನು ಕೆಡವಿ ಹೊಸದನ್ನು ಕಟ್ಟುವುದೆಂದು ತೀರ್ಮಾನವಾದ ಮೇಲೆ ಮನೆ ಖಾಲಿ ಮಾಡುವ ಕೆಲಸ ಮೊದಲಾಯಿತು. ಪಾತ್ರೆಪಗಡಗಳಿಗೆ, ಬಟ್ಟೆಬರೆಗಳಿಗೆ ಒಂದೊಂದು ದಾರಿ ಸಿಕ್ಕಿತು. ಕೊನೆಗೆ ಉಳಿದದ್ದು ತಂದೆಯವರ ಕಾಲದ ಪುಸ್ತಕದ ಕಪಾಟು. ರದ್ದಿಯವನು ತಕ್ಕಡಿ ಹಿಡಿದು ಬಾಗಿಲಲ್ಲಿ ನಿಂತಿದ್ದ. ಮೊಮ್ಮಗಳು ಒಂದೊಂದೇ ಪುಸ್ತಕವನ್ನೆತ್ತಿ, "ಅಜ್ಜ, ಇದು ಇಡುವುದಾ, ಕೊಡುವುದಾ?" ಎಂದು ಕೇಳುತ್ತಿದ್ದಳು. ಅವಳಿಗೆ ಕನ್ನಡದ ಮಾತು ಬರುತ್ತದೆ, ಓದು ಬಾರದು. ಹಾಗಾಗಿ ತೀರ್ಪು ಹೇಳುವ ಹೊಣೆ ನನ್ನದೇ ಆಗಿತ್ತು.

ಮೂರು ಪುಸ್ತಕಗಳ ಸರದಿ ಬಂದಾಗ ನನ್ನ ಬಾಯಿಂದ ಮಾತು ಹೊರಡಲಿಲ್ಲ. ಒಂದು ಕನ್ನಡದ 'ಚಿದಾಕಾಶ ಗೀತೆ.' ಇನ್ನೊಂದು ಸ್ವಾಮಿ ರಾಮದಾಸರ ಇಂಗ್ಲಿಷ್ ಪುಸ್ತಕ 'ಇನ್ ಕ್ವೆಸ್ಟ್ ಆಫ್ ಗಾಡ್.' ಮೂರನೆಯದು ನಿಸರ್ಗದತ್ತ ಮಹಾರಾಜರ 'ಐ ಆಮ್ ದ್ಯಾಟ್.' "ಇದರಲ್ಲಿ ಏನಿದೆ?" ಎಂದು ಹುಡುಗಿ ಕೇಳಿದಳು. ಆ ಗಡಿಬಿಡಿಯಲ್ಲಿ ಅವಳಿಗೆ ಹೇಳಲಾಗದೆ ಉಳಿದದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ನಮ್ಮ ಓದುಗ ಬಂಧುಗಳ ಮನೆಗಳಲ್ಲಿಯೂ ಇಂಥ ಕಪಾಟುಗಳಿವೆ, ಇಂಥ ಮೊಮ್ಮಕ್ಕಳೂ ಇದ್ದಾರೆ ಎಂಬ ನಂಬಿಕೆಯಿಂದ.

ಮೊದಲು 'ಚಿದಾಕಾಶ ಗೀತೆ'ಯ ಸಂಗತಿ. ಮುಂಬಯಿಯ ಉಡುಪಿ ಹೋಟೆಲುಗಳಲ್ಲಿ ಗಲ್ಲಾದ ಹಿಂದೆ, ಊದುಬತ್ತಿಯ ಹೊಗೆಯಲ್ಲಿ, ಲಂಗೋಟಿಧಾರಿಯಾದ ಕಪ್ಪು ಮೈಬಣ್ಣದ ಒಬ್ಬ ಸಾಧುವಿನ ಪಟವಿರುವುದನ್ನು ನೀವೆಲ್ಲ ಕಂಡಿದ್ದೀರಿ. ಅವರೇ ಗಣೇಶಪುರಿಯ ನಿತ್ಯಾನಂದರು. ನಮ್ಮ ಪಾರ್ಲೆಯಿಂದ ಹೊರಟು, ಅಂಧೇರಿಯಲ್ಲಿ ವಿರಾರ್ ಗಾಡಿ ಹಿಡಿದು, ವಸಯಿಯಲ್ಲಿಳಿದು ಎಸ್.ಟಿ. ಬಸ್ಸಿನಲ್ಲಿ ವಜ್ರೇಶ್ವರಿಯ ದಾರಿಯಾಗಿ ಅಲ್ಲಿಗೆ ಹೋಗಿ ಬಂದವರು ನಮ್ಮಲ್ಲಿ ಅನೇಕರಿದ್ದಾರೆ. ಬಿಸಿನೀರಿನ ಕುಂಡಗಳಿರುವ ಆ ಹಳ್ಳಿಯ ಕಡೆಗೆ ಅವರು ಬಂದದ್ದು 1930ರ ದಶಕದ ನಡುವಿನಲ್ಲಿ. ದೇಹ ಬಿಟ್ಟದ್ದು 1961ರ ಆಗಸ್ಟ್ 8ರಂದು.

ಆದರೆ ಗಣೇಶಪುರಿಗೆ ಬರುವ ಮೊದಲಿನ ಅವರ ದಿನಗಳು ದಕ್ಷಿಣ ಕನ್ನಡ ಜಿಲ್ಲೆಯಲ್ಲಿ ಕಳೆದವು. ಕಾಞಂಗಾಡಿನ ಗುರುವನದ ಗುಹೆಗಳು, ಮಂಗಳೂರು, ಉಡುಪಿ, ಬಂಟ್ವಾಳ ಈ ಊರುಗಳಲ್ಲೆಲ್ಲ ಅವರು ತಿರುಗಾಡಿದವರು. 1920ರ ದಶಕದಲ್ಲಿ ಮಂಗಳೂರಿನಲ್ಲಿದ್ದಾಗ ಒಂದು ಬಗೆಯ ಭಾವಾವೇಶದಲ್ಲಿ ಅವರ ಬಾಯಿಂದ ಚಿಕ್ಕ ಚಿಕ್ಕ ಮಾತುಗಳು ಹೊರಡುತ್ತಿದ್ದವು. ಅವರು ತಾವಾಗಿ ಒಂದು ಅಕ್ಷರವನ್ನೂ ಬರೆಯಲಿಲ್ಲ. ಸುತ್ತ ಕುಳಿತ ಭಕ್ತರು, ಅವರಲ್ಲಿಯೂ ಮುಖ್ಯವಾಗಿ ತುಳಸಿಯಮ್ಮ ಎಂಬ ಹೆಣ್ಣುಮಗಳು, ಆ ಮಾತುಗಳನ್ನು ಕನ್ನಡದಲ್ಲಿ ಬರೆದಿಟ್ಟುಕೊಂಡರು. ಹಾಗೆ ಕೂಡಿದ್ದೇ 'ಚಿದಾಕಾಶ ಗೀತೆ.' ಮುಂದೆ ಅದು ಇಂಗ್ಲಿಷಿಗೂ ಹೋಯಿತು. ಇಂದು ಪರದೇಶದ ಭಕ್ತರು ಅದನ್ನು ಇಂಗ್ಲಿಷಿನಲ್ಲಿ ಓದುತ್ತಾರೆ. ಅದರ ಮೂಲ ಕನ್ನಡವೆಂಬುದು ಪಟಕ್ಕೆ ದಿನವೂ ಹೂ ಏರಿಸುವ ನಮ್ಮವರಲ್ಲಿ ಎಷ್ಟು ಮಂದಿಗೆ ಗೊತ್ತು?

ಇಲ್ಲಿ ನನಗೆ ದೊಡ್ಡದಾಗಿ ಕಾಣುವುದು ತುಳಸಿಯಮ್ಮನವರ ಕೆಲಸ. ಹೆಣ್ಣುಮಕ್ಕಳಿಗೆ ಓದುಬರಹ ಅಪರೂಪವಾಗಿದ್ದ ಕಾಲವದು. ಅರ್ಥವಾದದ್ದು, ಅರ್ಥವಾಗದ್ದು ಎರಡನ್ನೂ ಕೇಳಿಸಿಕೊಂಡು ಕಾಗದಕ್ಕಿಳಿಸುವುದಕ್ಕೆ ಎಂಥ ತಾಳ್ಮೆ ಬೇಕು! ಹೇಳುವವರು ಎಲ್ಲ ಕಾಲದಲ್ಲಿಯೂ ಇದ್ದಾರೆ. ಕೇಳಿ ಬರೆದಿಡುವವರು ಇಲ್ಲದಿದ್ದರೆ ಆ ಮಾತು ಗಾಳಿಯ ಪಾಲು.

ಎರಡನೆಯ ಪುಸ್ತಕ ಬರೆದವರು ಇದೇ ಕಾಞಂಗಾಡಿನ ಮಗ. 1884ರಲ್ಲಿ ಹೊಸದುರ್ಗದ ಒಂದು ಚಿತ್ರಾಪುರ ಸಾರಸ್ವತ ಮನೆಯಲ್ಲಿ ಹುಟ್ಟಿದ ವಿಠ್ಠಲ ರಾವ್. ಆಗ ಅದು ಮದ್ರಾಸು ಪ್ರಾಂತಕ್ಕೆ ಸೇರಿದ ದಕ್ಷಿಣ ಕನ್ನಡ ಜಿಲ್ಲೆ. 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಕಾಸರಗೋಡಿನೊಂದಿಗೆ ಕೇರಳಕ್ಕೆ ಸೇರಿಹೋಯಿತು. ಈ ವಿಠ್ಠಲ ರಾಯರು ನಮ್ಮ ಹಾಗೆಯೇ ಅನ್ನದ ದಾರಿ ಹುಡುಕಿ ಮುಂಬಯಿಗೆ ಬಂದವರೆಂಬುದು ನಮಗೆ ಹತ್ತಿರದ ಸಂಗತಿ. ಆಗ ಬೈಕಲ್ಲಾದಲ್ಲಿದ್ದ ವಿಕ್ಟೋರಿಯಾ ಜುಬಿಲಿ ಟೆಕ್ನಿಕಲ್ ಇನ್‌ಸ್ಟಿಟ್ಯೂಟಿನಲ್ಲಿ ಅವರು ಬಟ್ಟೆ ತಯಾರಿಕೆಯ ವಿದ್ಯೆ ಕಲಿತರು. ಗಿರಣಿಗಳಲ್ಲಿ ದುಡಿದರು. ಕೆಲಸ ಸಿಗುವುದು, ಬಿಡುವುದು, ಮತ್ತೆ ಅಲೆಯುವುದು ಹೀಗೆ ವರ್ಷಗಳು ಹೋದವು. ಕೊನೆಗೆ ಮಂಗಳೂರಿಗೆ ಹೋಗಿ ಸೀರೆಗಳಿಗೆ ಬಣ್ಣ ಹಾಕುವ, ಅಚ್ಚು ಒತ್ತುವ ಸ್ವಂತ ಉದ್ಯೋಗ ತೆಗೆದರು. ಅದೂ ಕೈಹಿಡಿಯಲಿಲ್ಲ.

ಈ ತಾಪತ್ರಯದ ನಡುವೆ ತಂದೆಯವರು ಅವರಿಗೆ ರಾಮಮಂತ್ರವನ್ನು ಉಪದೇಶಿಸಿದರು. 1922ರ ಡಿಸೆಂಬರ್ ಕೊನೆಯ ವಾರದಲ್ಲಿ ಒಂದು ದಿನ ಅವರು ಇಪ್ಪತ್ತೈದು ರೂಪಾಯಿ ಮತ್ತು ಕೆಲವು ಪುಸ್ತಕಗಳೊಂದಿಗೆ ಮನೆ ಬಿಟ್ಟು ರೈಲು ಹತ್ತಿದರು. ಶ್ರೀರಂಗದಲ್ಲಿ ಕಾವೇರಿಯಲ್ಲಿ ಮಿಂದು ಕಾವಿ ಉಟ್ಟು ರಾಮದಾಸರಾದರು. ತಿರುವಣ್ಣಾಮಲೆಯಲ್ಲಿ ರಮಣ ಮಹರ್ಷಿಗಳ ದರ್ಶನ ಪಡೆದು ಅರುಣಾಚಲದ ಗುಹೆಯಲ್ಲಿದ್ದರು. ಉತ್ತರದಲ್ಲಿ ಹಿಮಾಲಯದವರೆಗೂ ಹೋದರು. ತಿರುಗಿ ಬರುವಾಗ ಪಂಢರಪುರ, ವಿಜಾಪುರಗಳನ್ನು ನೋಡಿಕೊಂಡು ಹುಬ್ಬಳ್ಳಿಯ ಸಿದ್ಧಾರೂಢರಲ್ಲಿಗೆ ಬಂದು, ಅಲ್ಲಿಂದ ಮಂಗಳೂರಿಗೆ ಮರಳಿದರು. ಕದ್ರಿಯ ಗುಡ್ಡದ ಪಾಂಡವರ ಗುಹೆಯಲ್ಲಿ ಕುಳಿತು ಈ ತಿರುಗಾಟದ ಕತೆಯನ್ನು ಇಂಗ್ಲಿಷಿನಲ್ಲಿ ಬರೆದರು. ಪುಸ್ತಕ 1925ರಲ್ಲಿ ಹೊರಬಂತು.

ಆ ಪುಸ್ತಕದ ಒಂದು ವಿಶೇಷವೆಂದರೆ ಅದರಲ್ಲಿ 'ನಾನು' ಎಂಬುದಿಲ್ಲ. ತನ್ನ ಕತೆಯನ್ನೇ ಹೇಳುವಾಗಲೂ 'ರಾಮದಾಸ ಹೋದ', 'ರಾಮದಾಸ ಹಸಿದಿದ್ದ' ಎಂಬ ಧಾಟಿ. ಟಿಕೆಟಿಲ್ಲದೆ ರೈಲು ಹತ್ತಿದ್ದು, ಟಿಕೆಟ್ ಕಲೆಕ್ಟರು ಇಳಿಸಿದ್ದು ಯಾವುದನ್ನೂ ಮುಚ್ಚಿಟ್ಟಿಲ್ಲ. ಇಳಿಸಿದವನೂ ರಾಮನೇ, ಹತ್ತಿಸಿದವನೂ ರಾಮನೇ ಎಂಬ ನಂಬಿಕೆ. ಮೂರು ತಿಂಗಳ ಪಾಸು ತಪ್ಪದೆ ತೆಗೆಸುವ ನಮಗೆ ಓದುವಾಗ ನಗು ಬರುತ್ತದೆ. ಸ್ವಲ್ಪ ಹೊತ್ತಿನ ಮೇಲೆ ನಗು ನಿಲ್ಲುತ್ತದೆ.

ಏಕೆಂದರೆ ಮನೆಯಲ್ಲಿ ಹೆಂಡತಿ ಇದ್ದಳು, ಮಗಳಿದ್ದಳು. ಹೊರಟವರು ಹೆಂಡತಿಗೆ ಒಂದು ಕಾಗದ ಬರೆದರು, ಅಷ್ಟೇ. ಈ ಭಾಗ ಬಂದಾಗಲೆಲ್ಲ ನನ್ನ ತಾಯಿ, "ದೇವರನ್ನು ಹುಡುಕಲು ಹೋದವನ ಪುಸ್ತಕವಾಯಿತು, ಹಿಂದೆ ಉಳಿದವಳ ಪುಸ್ತಕವನ್ನು ಬರೆದವರು ಯಾರು?" ಎನ್ನುತ್ತಿದ್ದರು. ತಂದೆಯವರು ಉತ್ತರ ಕೊಟ್ಟದ್ದು ನನಗೆ ನೆನಪಿಲ್ಲ. ನನ್ನಲ್ಲಿಯೂ ಇಲ್ಲ. ಬುದ್ಧನ ಕಾಲದಿಂದ ಕೇಳುತ್ತ ಬಂದ ಪ್ರಶ್ನೆ ಇದು. ಹೊಟ್ಟೆಪಾಡಿಗೆಂದು ಊರು ಬಿಟ್ಟು, ವರ್ಷಕ್ಕೊಮ್ಮೆ ರಜೆಯಲ್ಲಿ ಮುಖ ತೋರಿಸಿದ ನಮ್ಮ ಹಿರಿಯರ ಮನೆಗಳಲ್ಲಿಯೂ ಇದೇ ಪ್ರಶ್ನೆ ಬೇರೆ ರೂಪದಲ್ಲಿ ಇದ್ದೇ ಇತ್ತು. ರಾಮದಾಸರು ದೊಡ್ಡವರು ಎಂಬುದರಿಂದ ಆ ಪ್ರಶ್ನೆ ಸಣ್ಣದಾಗುವುದಿಲ್ಲ. ಅವರು 1931ರಲ್ಲಿ ಕಾಞಂಗಾಡಿನಲ್ಲಿ ಆನಂದಾಶ್ರಮವನ್ನು ನೆಲೆಗೊಳಿಸಿ, ಸಾವಿರಾರು ಜನರಿಗೆ ನೆಮ್ಮದಿ ಕೊಟ್ಟು, 1963ರಲ್ಲಿ ತೀರಿಕೊಂಡರು. ಎರಡು ಮಾತೂ ನಿಜ.

ಮೂರನೆಯ ಪುಸ್ತಕಕ್ಕೆ ನಾವು ಚರ್ಚ್‌ಗೇಟಿನ ಗಾಡಿ ಹಿಡಿದು ಗ್ರಾಂಟ್ ರೋಡಿನಲ್ಲಿ ಇಳಿಯಬೇಕು. ಅಲ್ಲಿಯ ಖೇತವಾಡಿಯಲ್ಲಿ ಬೀಡಿ ಅಂಗಡಿ ಇಟ್ಟಿದ್ದ ಮಾರುತಿ ಕಾಂಬಳಿ ಎಂಬವರೇ ನಿಸರ್ಗದತ್ತ ಮಹಾರಾಜರು. 1897ರಲ್ಲಿ ಹುಟ್ಟಿ, ಕೊಂಕಣದ ಕಾಂದಳಗಾವಿನಲ್ಲಿ ಬೆಳೆದು, ಅವರೂ ಹೊಟ್ಟೆಪಾಡಿಗೆಂದು ಮುಂಬಯಿಗೆ ಬಂದವರೇ. ಸಂಸಾರ, ಅಂಗಡಿ ಎರಡರ ನಡುವೆ 1933ರಲ್ಲಿ ಅವರಿಗೆ ಗುರುಗಳು ದೊರೆತರು. ಅವರು ಸಿದ್ಧರಾಮೇಶ್ವರ ಮಹಾರಾಜರು.

ಮರಾಠಿ ಮಾತಿನ ಈ ಸಂಗತಿಯಲ್ಲಿ ಕನ್ನಡವೆಲ್ಲಿ ಬಂತು ಎಂದು ಕೇಳಬಹುದು. ಸಿದ್ಧರಾಮೇಶ್ವರರು ಸೊಲ್ಲಾಪುರದ ಕಡೆಯವರು. ವಿಜಾಪುರದಲ್ಲಿ ಲೆಕ್ಕ ಬರೆಯುವ ಕೆಲಸದಲ್ಲಿದ್ದಾಗ ಇಂಚಗೇರಿಯಲ್ಲಿ ಭಾವೂಸಾಹೇಬ ಮಹಾರಾಜರಿಂದ ಉಪದೇಶ ಪಡೆದರು. ಭಾವೂಸಾಹೇಬರು ಇಂದು ಮಹಾರಾಷ್ಟ್ರದ ಜತ್ ತಾಲೂಕಿಗೆ ಸೇರಿದ ಉಮದಿಯ ದೇಶಪಾಂಡೆ ಮನೆತನದ ಬ್ರಾಹ್ಮಣರು. ಅವರ ಗುರುಗಳಾದರೋ ನಿಂಬರಗಿಯ ಲಿಂಗವಂತ ಸಂತರು, ಗುರುಲಿಂಗ ಜಂಗಮ ಮಹಾರಾಜರು. ಅವರ ಬೋಧೆ ಕನ್ನಡದಲ್ಲಿದೆ. ಲಿಂಗವಂತರಿಂದ ಬ್ರಾಹ್ಮಣರಿಗೆ, ಕನ್ನಡದಿಂದ ಮರಾಠಿಗೆ, ಗಡಿಯ ಹಳ್ಳಿಯಿಂದ ಖೇತವಾಡಿಯ ಬೀಡಿ ಅಂಗಡಿಗೆ ಒಂದೇ ಬೋಧೆ ಕೈಯಿಂದ ಕೈಗೆ ಸಾಗಿ ಬಂತು. ಗಡಿಯ ವಿಷಯದಲ್ಲಿ ಎರಡು ರಾಜ್ಯಗಳು ವಾದಿಸುತ್ತಿರುವಾಗ ಈ ಪರಂಪರೆಯನ್ನು ನೆನೆಯುವುದು ಒಳ್ಳೆಯದು. ಇದೇ ಭಾವೂಸಾಹೇಬರ ಇನ್ನೊಬ್ಬ ಶಿಷ್ಯರು ಜಮಖಂಡಿಯ ಗುರುದೇವ ರಾನಡೆಯವರು. ಮಹಾರಾಷ್ಟ್ರದ ಸಂತರ ಮೇಲೆ ಬರೆದಂತೆಯೇ ಕನ್ನಡ ಸಾಹಿತ್ಯದಲ್ಲಿಯ ಪರಮಾರ್ಥದ ದಾರಿಯ ಮೇಲೆಯೂ ದೊಡ್ಡ ಗ್ರಂಥವನ್ನು ಕೊಟ್ಟವರು. ಸಿದ್ಧರಾಮೇಶ್ವರರ ಸಮಾಧಿ ನಮ್ಮ ವಾಳಕೇಶ್ವರದ ಬಾಣಗಂಗೆಯಲ್ಲಿಯೇ ಇದೆ.

ನಿಸರ್ಗದತ್ತರೂ ಪುಸ್ತಕ ಬರೆಯಲು ಕುಳಿತವರಲ್ಲ. ಮನೆಯ ಮಾಳಿಗೆಯ ಇಕ್ಕಟ್ಟಾದ ಕೋಣೆಯಲ್ಲಿ ಬಂದವರು ಕೇಳಿದ್ದಕ್ಕೆ ಮರಾಠಿಯಲ್ಲಿ ಉತ್ತರ ಹೇಳುತ್ತಿದ್ದರು. ಆ ಸಂವಾದಗಳನ್ನು ಧ್ವನಿಮುದ್ರಿಸಿ ಇಂಗ್ಲಿಷಿಗೆ ತಂದವರು ಮಾರಿಸ್ ಫ್ರಿಡ್‌ಮನ್. 1973ರಲ್ಲಿ ಮುಂಬಯಿಯ ಚೇತನಾ ಪ್ರಕಾಶನದವರು ಅದನ್ನು ಅಚ್ಚುಮಾಡಿದರು. 1981ರಲ್ಲಿ ಮಹಾರಾಜರು ತೀರಿಕೊಳ್ಳುವ ಹೊತ್ತಿಗೆ ಖೇತವಾಡಿಯ ಆ ಗಲ್ಲಿಯನ್ನು ಹುಡುಕಿಕೊಂಡು ಪರದೇಶದವರು ಬರುತ್ತಿದ್ದರು.

ಈ ಫ್ರಿಡ್‌ಮನ್ ಯಾರು? ಪೋಲೆಂಡಿನ ಯೆಹೂದಿ ಎಂಜಿನಿಯರು. 1930ರ ದಶಕದಲ್ಲಿ ಮೈಸೂರು ಸಂಸ್ಥಾನದ ಕರೆಯ ಮೇರೆಗೆ ಬೆಂಗಳೂರಿಗೆ ಬಂದು ಸರಕಾರಿ ವಿದ್ಯುತ್ ಕಾರ್ಖಾನೆಯನ್ನು ನಡೆಸಿದವರು. ಗಾಂಧೀಜಿಯವರ ಚರಕದ ಕೆಲಸದಲ್ಲಿ ಕೈಜೋಡಿಸಿದವರು. ಸಂನ್ಯಾಸವನ್ನು ಪಡೆದದ್ದು ಕಾಞಂಗಾಡಿನ ಸ್ವಾಮಿ ರಾಮದಾಸರಿಂದ! ಅಂದರೆ ನನ್ನ ಕಪಾಟಿನ ಎರಡನೆಯ ಪುಸ್ತಕದ ಕರ್ತೃವಿನ ಶಿಷ್ಯ, ಮೂರನೆಯ ಪುಸ್ತಕದ ಅನುವಾದಕ. ಎಷ್ಟೋ ವರ್ಷ ಆ ಪುಸ್ತಕಗಳು ಒಂದಕ್ಕೊಂದು ಒರಗಿ ನಿಂತಿದ್ದವು, ಅವುಗಳ ನಂಟು ನನಗೆ ತಿಳಿದದ್ದು ತೀರ ತಡವಾಗಿ.

ಆತ್ಮಶೋಧನೆಗೆ ಸಂತರೇ ಆಗಬೇಕೆಂದಿಲ್ಲ. ಪಾರ್ಲೆಯಿಂದ ಮೂರನೆಯ ಸ್ಟೇಷನ್ನಾದ ಬಾಂದ್ರಾದಲ್ಲಿ, ಸಮುದ್ರದ ಎದುರಿನ ಮನೆಯಲ್ಲಿ, ಹನೇಹಳ್ಳಿಯ ಯಶವಂತ ಚಿತ್ತಾಲರು ದೇವರ ಹೆಸರೆತ್ತದೆ ಅದನ್ನೇ ಮಾಡಿದರು. 1979ರ 'ಶಿಕಾರಿ' ಕಾದಂಬರಿಯ ನಾಗಪ್ಪ ಮುಂಬಯಿಯ ಕಂಪನಿಯೊಂದರ ಅಧಿಕಾರಿ. ಕೆಲಸಕ್ಕೆ ಕುತ್ತು ಬಂದಾಗ ತನ್ನ ಒಳಗನ್ನೇ ಅಗೆದು ನೋಡಿಕೊಳ್ಳುತ್ತಾನೆ. 'ಕತೆಯಾದಳು ಹುಡುಗಿ' ಸಂಕಲನಕ್ಕೆ 1983ರ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಾಗ ಮುಂಬಯಿ ಕನ್ನಡಿಗರೆಲ್ಲ ತಮ್ಮ ಮನೆಗೇ ಬಂದಂತೆ ಹಿಗ್ಗಿದರು. ಚಿತ್ತಾಲರು 2014ರಲ್ಲಿ ನಮ್ಮನ್ನು ಅಗಲಿದರು. 'ನಿಮ್ಮ ಊರು ಯಾವುದು?' ಎಂಬುದು ಮುಂಬಯಿಯಲ್ಲಿ ಕನ್ನಡಿಗನು ಕನ್ನಡಿಗನಿಗೆ ಹಾಕುವ ಮೊದಲ ಪ್ರಶ್ನೆ. 'ನೀನು ಯಾರು?' ಎಂಬುದು ಅದರ ಮುಂದಿನ ಮೆಟ್ಟಿಲು. ಊರು ಬಿಟ್ಟವನಿಗೆ ಈ ಎರಡನೆಯ ಪ್ರಶ್ನೆ ಸ್ವಲ್ಪ ಬೇಗ ಎದುರಾಗುತ್ತದೆ ಎಂದು ನನಗೆ ತೋರುತ್ತದೆ.

ಕೊನೆಯದಾಗಿ ಒಂದು ಹಳೆಯ ಉದಾಹರಣೆ. ಮುಂಬಯಿಯ ಸೇಂಟ್ ಝೇವಿಯರ್ಸ್ ಕಾಲೇಜಿನಲ್ಲಿ ಓದುತ್ತಿದ್ದ ಧಾರವಾಡದ ಹುಡುಗನೊಬ್ಬ ಇಲ್ಲಿಯ ಗುಜರಾತಿಗಳು, ಮರಾಠಿಗರು ತಮ್ಮ ನುಡಿಗಾಗಿ ದುಡಿಯುವುದನ್ನು ಕಂಡು, ಕನ್ನಡಕ್ಕೆ ತಾನೇನು ಮಾಡಬಲ್ಲೆ ಎಂದು ಯೋಚಿಸಿದ. ಮುಂದೆ ವಿಜಾಪುರದಲ್ಲಿ ವಕೀಲನಾಗಿ, ಮನೆಮನೆಗಳಲ್ಲಿ ಧೂಳು ತಿನ್ನುತ್ತಿದ್ದ ತಾಳೆಗರಿಗಳನ್ನು ಹುಡುಕಿ ತಂದು, 1923ರಲ್ಲಿ 'ವಚನಶಾಸ್ತ್ರ ಸಾರ'ವನ್ನು ಪ್ರಕಟಿಸಿದ. ಅವರೇ ಫ. ಗು. ಹಳಕಟ್ಟಿಯವರು. ಅಚ್ಚಿನ ಖರ್ಚಿಗೆ ಸ್ವಂತ ಮನೆಯನ್ನೇ ಮಾರಿದರು. ಆ ಗರಿಗಳನ್ನು ಮನೆಯವರು ಓದುತ್ತಿರಲಿಲ್ಲ. ಆದರೆ ಎಸೆದಿರಲಿಲ್ಲ. ಎಸೆಯದೆ ಇಟ್ಟುಕೊಂಡವರ ಋಣವೂ ನಮ್ಮ ಮೇಲಿದೆ.

ರದ್ದಿಯವನು ಆ ದಿನ ಹನ್ನೊಂದು ಕಿಲೋ ತೂಗಿ ದುಡ್ಡು ಕೊಟ್ಟು ಹೋದ. ಮೂರು ಪುಸ್ತಕಗಳು ಈಗ ನಮ್ಮ ಬಾಡಿಗೆಯ ಮನೆಯಲ್ಲಿ, ಮೊಮ್ಮಗಳ ಶಾಲೆಯ ಪುಸ್ತಕಗಳ ಪಕ್ಕದಲ್ಲಿವೆ. ಇಂಗ್ಲಿಷಿನ ಎರಡನ್ನು ಅವಳು ಎಂದಾದರೂ ತಾನಾಗಿ ಓದಿಯಾಳು. ಕನ್ನಡದ್ದನ್ನು ರಾತ್ರಿ ಊಟವಾದ ಮೇಲೆ ಅರ್ಧ ಪುಟ ನಾನು ಓದಿ ಹೇಳುತ್ತೇನೆ. ಹೋದ ವಾರ ಅವಳು ಒಂದು ವಾಕ್ಯವನ್ನು ನಿಲ್ಲಿಸಿ, "ಇದರ ಅರ್ಥವೇನು?" ಎಂದು ಕೇಳಿದಳು. ನನಗೂ ಪೂರ್ತಿ ತಿಳಿಯದೆಂದು ಒಪ್ಪಿಕೊಂಡೆ. ಅವಳು ಆ ವಾಕ್ಯವನ್ನು ತನ್ನ ನೋಟುಪುಸ್ತಕದಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿ ಬರೆದುಕೊಂಡಳು. ಲಿಪಿಯನ್ನು ಬರುವ ಬೇಸಿಗೆ ರಜೆಯಲ್ಲಿ ಕಲಿಸುವುದೆಂದು ಮಾತಾಗಿದೆ.