ಜೂನ್ 1ರಂದು ಹುಟ್ಟಿದವರು

ಜೂನ್ 1ರ ಬೆಳಗ್ಗೆ ನಿಮ್ಮೂರಿನ ವಾಟ್ಸಾಪ್ ಗ್ರೂಪ್ ತೆರೆದು ನೋಡಿ. ನಲವತ್ತು ದಾಟಿದವರಿಗೆ ಹುಟ್ಟುಹಬ್ಬದ ಶುಭಾಶಯಗಳ ಸಾಲೇ ಇರುತ್ತದೆ. ಅಷ್ಟೂ ಜನ ಆ ದಿನ ಹುಟ್ಟಿದವರಲ್ಲ. ಶಾಲೆ ಶುರುವಾಗುವ ತಿಂಗಳ ಮೊದಲ ದಿನವನ್ನು ಮೇಷ್ಟ್ರು ಅವರ ಹೆಸರಿನ ಮುಂದೆ ಬರೆದುಬಿಟ್ಟಿದ್ದರು, ಅಷ್ಟೆ.

ನಮ್ಮನೆಯಲ್ಲೂ ಇದೇ ಕಥೆ. ದಾಖಲೆ ಪ್ರಕಾರ ನಮ್ಮಪ್ಪನಿಗೂ ಚಿಕ್ಕಪ್ಪನಿಗೂ ಏಳೇ ತಿಂಗಳ ವ್ಯತ್ಯಾಸ! ಅಜ್ಜಿಯನ್ನು ಕೇಳಿದರೆ, "ದೊಡ್ಡೋನು ಹುಟ್ಟಿದಾಗ ರಾಗಿ ಕಣದಾಗಿತ್ತು, ಚಿಕ್ಕೋನು ಅದಾದ ಮೂರನೇ ವರ್ಷ, ಹುಣಸೆ ಬಡಿಯೋ ಕಾಲಕ್ಕೆ" ಅನ್ನೋಳು. ಅಜ್ಜಿ ಲೆಕ್ಕ ಸರಿಯಾಗೇ ಇತ್ತು. ದಾಖಲಾತಿ ಪುಸ್ತಕದಲ್ಲಿ ರಾಗಿ ಕಣಕ್ಕೆ ಕಾಲಂ ಇರಲಿಲ್ಲ.

ವೈಟ್‌ಫೀಲ್ಡ್ 1882ರಲ್ಲಿ ಆಂಗ್ಲೋ ಇಂಡಿಯನ್ ಕುಟುಂಬಗಳಿಗಾಗಿ ಶುರುವಾದ ಊರು. ಮೈಸೂರು ಮಹಾರಾಜರು ಜಮೀನು ಕೊಟ್ಟಿದ್ದರು. ಕ್ರೈಸ್ತ ಮನೆಗಳ ಮಕ್ಕಳ ಹುಟ್ಟು ಚರ್ಚಿನ ಪುಸ್ತಕ ಸೇರುತ್ತಿತ್ತು. ಸುತ್ತಲಿನ ಪಟ್ಟಂದೂರು ಅಗ್ರಹಾರ, ಹೂಡಿ, ನಲ್ಲೂರಹಳ್ಳಿಯ ರೈತರ ಮಕ್ಕಳ ಹುಟ್ಟು ಹೆಚ್ಚಾಗಿ ಅಮ್ಮನ ನೆನಪಿನಲ್ಲೇ ಉಳಿಯಿತು. 1969ರಲ್ಲಿ ಜನನ ಮರಣ ನೋಂದಣಿ ಕಾಯ್ದೆ ಬಂತು. ಆದರೆ ಹೆರಿಗೆ ಮನೆಯಲ್ಲೇ ಆಗುತ್ತಿತ್ತು, ಬರೆಸೋಕೆ ಹೋಗೋರು ಕಡಿಮೆ.

ಹಾಗಾಗಿ ಶಾಲೆಗೆ ಸೇರಿಸುವಾಗ ವಯಸ್ಸು ಹೇಳುತ್ತಿದ್ದದ್ದು ಮಗುವಿನ ಕೈ. ತಲೆ ಮೇಲಿಂದ ಬಲಗೈ ಹಾಕಿ ಎಡಗಿವಿ ಮುಟ್ಟಿದರೆ ಒಂದನೇ ಕ್ಲಾಸು, ಮುಟ್ಟದಿದ್ದರೆ ಮುಂದಿನ ವರ್ಷ ಬಾ. ಮುಟ್ಟಿದವರಿಗೆ ಮೇಷ್ಟ್ರೇ ಒಂದು ತಾರೀಕು ಹಾಕೋರು. ಮುಂದೆ ಸರ್ಕಾರಿ ಕೆಲಸಕ್ಕೆ ಅನುಕೂಲವಾಗಲಿ ಅಂತ ಒಂದೆರಡು ವರ್ಷ ಕಡಿಮೆ ಬರೆಸಿದ ಅಪ್ಪಂದಿರೂ ಇದ್ದರು. ಮೋಸ ಅಂತ ಯಾರಿಗೂ ಅನಿಸಿರಲಿಲ್ಲ. ಮಗು ಶಾಲೆ ಸೇರಿದರೆ ಸಾಕಿತ್ತು.

ಆ ಅಂದಾಜು ಕಲ್ಲಿನ ಮೇಲಿನ ಬರಹವಾದದ್ದು ಆಮೇಲೆ. ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ ಅದೇ ತಾರೀಕು ಹೋಯಿತು, ಅಲ್ಲಿಂದ ಸೇವಾ ಪುಸ್ತಕಕ್ಕೆ. ನಿವೃತ್ತಿ ಹತ್ತಿರ ಬಂದಾಗ "ನನ್ನ ವಯಸ್ಸು ಇಷ್ಟಲ್ಲ" ಅನ್ನುವವರನ್ನು ತಡೆಯಲು ರಾಜ್ಯ 1974ರಲ್ಲಿ ಸರ್ಕಾರಿ ನೌಕರರ ವಯಸ್ಸು ನಿರ್ಧಾರ ಕಾಯ್ದೆ ತಂದಿತು. ಸೇವಾ ಪುಸ್ತಕದಲ್ಲಿ ತಾರೀಕು ಬರೆದ 3 ವರ್ಷದೊಳಗೆ ಅರ್ಜಿ ಹಾಕದಿದ್ದರೆ, ತಮಗೆ ಲಾಭವಾಗುವಂತೆ ತಿದ್ದಿಸಿಕೊಳ್ಳುವ ದಾರಿ ಮುಚ್ಚಿತು. ಆಗಲೇ ಕೆಲಸದಲ್ಲಿದ್ದವರಿಗೆ ಕಾಯ್ದೆ ಜಾರಿಯಾದ ಮೇಲೆ 1 ವರ್ಷದ ಅವಕಾಶವಿತ್ತು. ಜೂನ್ 1ರವರು ಮೇ 31ಕ್ಕೇ ನಿವೃತ್ತರಾಗುತ್ತಾರೆ. ಆ ದಿನ ಕಚೇರಿಗಳಲ್ಲಿ ಅಷ್ಟೊಂದು ಹಾರ, ಶಾಲು ಕಾಣುವುದಕ್ಕೆ ಮೇಷ್ಟ್ರೇ ಕಾರಣ.

2021ರ ಸೆಪ್ಟೆಂಬರಿನಲ್ಲಿ ಕರ್ನಾಟಕ ಗ್ರಾಮೀಣ ಮೂಲಸೌಕರ್ಯ ಅಭಿವೃದ್ಧಿ ನಿಗಮದ ನೌಕರರೊಬ್ಬರ ಪ್ರಕರಣ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾಯಿತು. ಹೈಕೋರ್ಟ್ ಅವರ ಪರ ಹೇಳಿತ್ತು, ಸುಪ್ರೀಂ ಕೋರ್ಟ್ ಅದನ್ನು ರದ್ದು ಮಾಡಿತು. ಗಟ್ಟಿ ಸಾಕ್ಷಿ ಇದ್ದರೂ ತಿದ್ದುಪಡಿ ಹಕ್ಕಲ್ಲ, ತಡ ಮಾಡಿ ಬಂದರೆ ನಿರಾಕರಿಸಬಹುದು ಅಂದಿತು. ಅವರು ಬಂದದ್ದು ಕೆಲಸಕ್ಕೆ ಸೇರಿದ 24 ವರ್ಷದ ಮೇಲೆ.

ಸರ್ಕಾರಿ ಕೆಲಸ ಇಲ್ಲದವರಿಗೂ ಇದು ತಪ್ಪಿಲ್ಲ. ವೈಟ್‌ಫೀಲ್ಡ್‌ನ ಟೆಕ್ ಪಾರ್ಕುಗಳ ಗೇಟಿನಲ್ಲಿ ನಿಂತವರು, ಹೌಸ್‌ಕೀಪಿಂಗ್ ಮಾಡುವವರು ಪಿಎಫ್ ವಿಷಯಕ್ಕೆ ಸೈಬರ್ ಸೆಂಟರಿಗೆ ಬರುತ್ತಾರೆ. ಆಧಾರ್‌ನಲ್ಲಿ ಒಂದು ತಾರೀಕು, ಟಿಸಿಯಲ್ಲಿ ಇನ್ನೊಂದು. 2024ರ ಜನವರಿಯಲ್ಲಿ ಪಿಎಫ್ ಸಂಸ್ಥೆ ಹುಟ್ಟಿದ ದಿನಾಂಕಕ್ಕೆ ಆಧಾರ್ ಪುರಾವೆಯಲ್ಲ ಅಂದಿತು, ಅಂಕಪಟ್ಟಿ, ಟಿಸಿ ನಡೆಯುತ್ತವೆ. ಪೂರ್ತಿ ಪಿಂಚಣಿ 58ಕ್ಕೆ. ಮೇಷ್ಟ್ರು ಎರಡು ವರ್ಷ ಕಡಿಮೆ ಬರೆದಿದ್ದರೆ ಮೈ ಅರವತ್ತಾಗುವ ತನಕ ಗೇಟು ಕಾಯಬೇಕು.

2023ರ ಅಕ್ಟೋಬರ್ 1ರಿಂದ ಹುಟ್ಟಿದ ಮಕ್ಕಳಿಗೆ ಜನನ ಪ್ರಮಾಣಪತ್ರವೇ ಆಧಾರ. ಈಗ ಶಾಲೆಯಲ್ಲಿರುವ ದೊಡ್ಡ ಮಕ್ಕಳದ್ದು ಬೇರೆ ಮಾತು. ಎಸ್ಸೆಸ್ಸೆಲ್ಸಿಗೆ ಹೆಸರು ಕಳಿಸುವ ಮುಂಚೆಯೇ ಜನನ ಪತ್ರ ಹಿಡಿದು ಮುಖ್ಯ ಶಿಕ್ಷಕರ ಹತ್ತಿರ ಹೋಗಿ ತಾಳೆ ನೋಡಿ. ಅಂಕಪಟ್ಟಿ ಕೈಗೆ ಬಂದ ಮೇಲೆ ಸಿವಿಲ್ ಕೋರ್ಟಿನವರೆಗೂ ಅಲೆಯಬೇಕಾಗಬಹುದು.

ಚಿಕ್ಕಪ್ಪ ಮಾತ್ರ ಯಾವತ್ತೂ ಅರ್ಜಿ ಹಾಕಲಿಲ್ಲ. ಹುಣಸೆ ಬಡಿಯೋ ಕಾಲಕ್ಕೆ ಸಾಕ್ಷಿ ಯಾರನ್ನ ತರಲಿ ಅನ್ನೋರು.